ಆ ರಸ್ತೆಯಲ್ಲಿ ಮೊದಲು ಹೋದವರು

ಶಾಲೆಯ ವಾರ್ಷಿಕೋತ್ಸವದ ನೃತ್ಯಕ್ಕೆಂದು ಹಚ್ಚಿಕೊಂಡಿದ್ದ ಉಗುರುಬಣ್ಣವನ್ನು ಮಗಳು ಮೊನ್ನೆ ಹತ್ತಿಯಿಂದ ಒರೆಸಿ ತೆಗೆಯುತ್ತಿದ್ದಳು. ಅಡುಗೆಮನೆಯಲ್ಲಿದ್ದ ನನಗೆ ಆ ದ್ರವದ ವಾಸನೆ ತಾಗಿತು. ನಾನು ಒಲೆಯನ್ನು ಆರಿಸಿ, ಹೋಗಿ ಅವಳ ಎದುರು ಕುಳಿತೆ.

“ವಾಟ್ ಹ್ಯಾಪನ್ಡ್, ಅಮ್ಮಾ? ಊಟ ಆಯ್ತಾ?”

“ಇಲ್ಲ. ಆ ಬಾಟಲಿಯ ಮುಚ್ಚಳ ಸ್ವಲ್ಪ ಹೊತ್ತು ತೆರೆದೇ ಇರಲಿ.”

“ಯೂ ಆರ್ ಸೋ ಸ್ಟ್ರೇಂಜ್,” ಎಂದು ಅವಳು ಮುಂದಿನ ಬೆರಳಿಗೆ ಹೋದಳು.

ಅದು ಅಸಿಟೋನಿನ ವಾಸನೆ. ಕತ್ತರಿಸಿದ ಫಿಲ್ಮಿನ ತುದಿಗಳನ್ನು ಜೋಡಿಸುವ ಅಂಟಿನಲ್ಲಿಯೂ ಇದೇ ವಾಸನೆ ಇರುತ್ತಿತ್ತು. ಹತ್ತು ವರ್ಷಗಳ ಹಿಂದಿನ ಒಂದು ಬೇಸಿಗೆಯನ್ನು ನಾನು ಈ ವಾಸನೆಯಲ್ಲಿ ಕಳೆದಿದ್ದೇನೆ. ಅದನ್ನು ಈಗ ಬರೆಯುವುದಕ್ಕೆ ಇನ್ನೊಂದು ಕಾರಣವೂ ಇದೆ. ಕಳೆದ ತಿಂಗಳು ನಾನು ಕೆಲಸ ಮಾಡುವ ಸ್ಟುಡಿಯೋಕ್ಕೆ ವಿಯೆನ್ನಾ ನಗರದ ಒಬ್ಬ ಛಾಯಾಗ್ರಾಹಕ ಬಂದಿದ್ದ. ಹೆರ್ಟಾ ಎಂಬ ಸಂಕಲನಕಾರ್ತಿಯನ್ನು ಬಲ್ಲೆಯಾ ಎಂದು ಕೇಳಿದೆ. ಬಲ್ಲ. ಆಕೆ ತೀರಿಕೊಂಡು ಕೆಲವು ವರ್ಷಗಳಾದವು ಎಂದ. ಆಸ್ಟ್ರಿಯಾದ ಚಿತ್ರರಂಗದಲ್ಲಿ ಆಕೆಗೆ ಒಂದು ಕಾಲದಲ್ಲಿ ಹೆಸರಿತ್ತು, ಹಾಸ್ಯಚಿತ್ರಗಳು, ರಾಜಮನೆತನದ ವೈಭವದ ಚಿತ್ರಗಳು, ಆಮೇಲೆ ಟೆಲಿವಿಷನ್ ಎಂದ. “ಕೊನೆಕೊನೆಗೆ ಕಂಪನಿಗಳ ಪ್ರಚಾರಕ್ಕೆ ಏನೇನೋ ಕೆಲವು ಚಿತ್ರಗಳು” ಎಂದು ಹೇಳುತ್ತ ನೊಣ ಓಡಿಸುವವನಂತೆ ಕೈಬೀಸಿದ. ಆ ಏನೇನೋ ಚಿತ್ರಗಳಲ್ಲಿ ಒಂದು ನಮ್ಮದು. ಆತ ಬೀಸಿದ ಕೈಗೆ ಇದು ನನ್ನ ಉತ್ತರ.

ನಮ್ಮ ಮನೆತನದಲ್ಲಿ ಪದವಿ ಪಡೆದವರಲ್ಲಿ ನಾನೇ ಮೊದಲಿಗಳು. ಉಡುಪಿಯ ಕಾಲೇಜಿನಲ್ಲಿ ಇಂಗ್ಲಿಷ್ ಓದಿದವಳೆಂಬ ಹೆಮ್ಮೆಗಿಂತ, ಎಲ್ಲಿ ತಪ್ಪಿ ನಗೆಪಾಟಲಾಗುವೆನೋ ಎಂಬ ಭಯವೇ ನನ್ನಲ್ಲಿ ಹೆಚ್ಚಾಗಿತ್ತು. ಒಂದು ವಾಕ್ಯವನ್ನು ಬಾಯಿಂದ ಹೊರಗೆ ಬಿಡುವ ಮೊದಲು ಮನಸ್ಸಿನಲ್ಲಿ ಅದನ್ನು ತಿದ್ದಿ, ಇಸ್ತ್ರಿ ಮಾಡಿ, ಮಡಚಿ ಇಡುತ್ತಿದ್ದೆ. ಅಪ್ಪ ಮಸ್ಕತ್ತಿನ ಒಂದು ರಸ್ತೆ ಕಾಮಗಾರಿ ಕಂಪನಿಯಲ್ಲಿ ರೋಲರ್ ಓಡಿಸುತ್ತಿದ್ದರು. ನಾನು ಮದುವೆಯಾಗಿ ಅದೇ ಮಸ್ಕತ್ತಿನ ಹಮ್ರಿಯಾ ಬಡಾವಣೆಗೆ ಬಂದಾಗ ಅಪ್ಪನೇ ಕ್ಯಾಂಪಿನ ಮೇಲಧಿಕಾರಿಯನ್ನು ಕಂಡು ಮಾತನಾಡಿ, ಅಲ್ ಖುವೈರಿನಲ್ಲಿದ್ದ ಕಂಪನಿಯ ಆಫೀಸಿನಲ್ಲಿ ನನಗೆ ಟೈಪಿಸ್ಟ್ ಕೆಲಸ ಕೊಡಿಸಿದರು. ಅವರು ವಾಸವಿದ್ದುದು ಬೆಟ್ಟದ ಬದಿಯ ಕ್ಯಾಂಪಿನಲ್ಲಿ. ಶುಕ್ರವಾರ ಕಂಪನಿಯ ಬಸ್ಸಿನಲ್ಲಿ ಪೇಟೆಗೆ ಬಂದು, ನಮ್ಮಲ್ಲಿ ಮೀನಿನ ಸಾರು, ಕುಚ್ಚಲಕ್ಕಿ ಅನ್ನ ಉಂಡು, ಒಂದು ನಿದ್ದೆ ಮಾಡಿ ಹೋಗುತ್ತಿದ್ದರು.

ಆ ವರ್ಷ ಕಂಪನಿ ಬೆಟ್ಟವನ್ನು ಸೀಳಿ ಒಂದು ಹೊಸ ರಸ್ತೆಯನ್ನು ಮುಗಿಸಿತ್ತು. ನಾವೆಲ್ಲ ಅರ್ಬಾಬ್ ಎಂದು ಕರೆಯುತ್ತಿದ್ದ ಮಾಲೀಕರಿಗೆ ಅದರ ಮೇಲೊಂದು ಚಲನಚಿತ್ರ ಆಗಬೇಕೆಂಬ ಆಸೆ. ಚಳಿಗಾಲದಲ್ಲಿ ಯುರೋಪಿನ ತಂಡವೊಂದು ಬಂದು ಚಿತ್ರೀಕರಣ ಮುಗಿಸಿ ಹೋಯಿತು. ಮೇ ತಿಂಗಳ ಸೆಕೆಯಲ್ಲಿ, ಆಫೀಸಿನ ಹಿಂಬದಿಯ ಕೋಣೆಗೆ ಒಂದು ಎಡಿಟಿಂಗ್ ಮೇಜು ಬಂತು. ಅದರ ಬೆನ್ನಿಗೇ ಹೆರ್ಟಾ ಮೇಡಂ ಬಂದರು. ಅರುವತ್ತರ ಹತ್ತಿರದ ವಯಸ್ಸು, ಗಂಡಸರ ಅಂಗಿ, ದಾರ ಕಟ್ಟಿ ಕೊರಳಿಗೆ ತೂಗುಹಾಕಿದ ಕನ್ನಡಕ, ಎರಡೂ ಕೈಗೆ ಬಿಳಿಯ ಹತ್ತಿಯ ಗವಸು. ಪ್ರಚಾರ ವಿಭಾಗದ ಮ್ಯಾನೇಜರ್ ಖನ್ನಾ ಸಾಹೇಬರು ಅವರನ್ನು ಆಫೀಸಿಗೆಲ್ಲ ಪರಿಚಯಿಸಿದಾಗ, ಆಕೆ ಕೇಳಿದ್ದು ಒಂದೇ ಪ್ರಶ್ನೆ.

“ಇಲ್ಲಿ ಅಲುಗಾಡದೆ ಕುಳಿತುಕೊಳ್ಳಬಲ್ಲವರು ಯಾರು?”

ಎಲ್ಲರೂ ನನ್ನ ಕಡೆ ನೋಡಿದರು. ಹೀಗೆ ನಾನು ಸಂಕಲನಕಾರ್ತಿಯ ಸಹಾಯಕಿಯಾದೆ.

ಫಿಲ್ಮಿನಲ್ಲಿ ಚಿತ್ರ ಒಂದು ಸುರುಳಿ, ಶಬ್ದ ಇನ್ನೊಂದು ಸುರುಳಿ ಎಂಬುದೇ ನನಗೆ ಅಲ್ಲಿಯವರೆಗೆ ಗೊತ್ತಿರಲಿಲ್ಲ. ಮೇಜಿನ ಮೇಲೆ ಅವೆರಡೂ ಅಕ್ಕಪಕ್ಕದಲ್ಲಿ, ಹಲ್ಲಿಗೆ ಹಲ್ಲು ಕೂಡಿಕೊಂಡು ಓಡುತ್ತಿದ್ದವು. ಆ ಹೊತ್ತಿಗೆ ಬಹಳಷ್ಟು ಜನ ತುಂಡುಗಳನ್ನು ಪಾರದರ್ಶಕ ಟೇಪಿನಿಂದ ಅಂಟಿಸುತ್ತಿದ್ದರಂತೆ. ಅದನ್ನು ಬೇಕೆಂದಾಗ ಕಿತ್ತು ಮತ್ತೆ ಅಂಟಿಸಬಹುದು. ಹೆರ್ಟಾ ಮೇಡಂ ಹಳೆಯ ಕಾಲದವರು. ಫಿಲ್ಮಿನ ತುದಿಯನ್ನು ಕೆರೆದು, ಅಂಟು ಸವರಿ, ಒತ್ತಿ ಹಿಡಿಯುತ್ತಿದ್ದರು. ಆ ಜೋಡಣೆಯನ್ನು ಬಿಡಿಸಬೇಕಾದರೆ ಎರಡೂ ಬದಿಯ ಒಂದೊಂದು ಚೌಕಟ್ಟು, ಅಂದರೆ ಫಿಲ್ಮಿನ ಒಂದೊಂದು ಬಿಡಿ ಚಿತ್ರ, ಹಾಳಾಗಿ ಹೋಗುತ್ತದೆ.

“ಟೇಪ್ ಹಾಕುವವರು ಮೊದಲು ಕತ್ತರಿಸಿ ಆಮೇಲೆ ಯೋಚಿಸುತ್ತಾರೆ. ನನಗೆ ಮೊದಲೇ ಯೋಚಿಸಬೇಕು. ತಪ್ಪಿದರೆ ಏನೋ ಒಂದು ಸಾಯುತ್ತದೆ.”

ಅವರ ಇಂಗ್ಲಿಷಿನಲ್ಲಿ ತಪ್ಪುಗಳು ಧಾರಾಳವಾಗಿದ್ದವು. ಆ ತಪ್ಪುಗಳನ್ನು ಅವರು ಸ್ವಲ್ಪವೂ ಲೆಕ್ಕಿಸದೆ ಮಾತನಾಡುತ್ತಿದ್ದುದು ನನಗೆ ಮೊದಮೊದಲು ಗಾಬರಿ ಹುಟ್ಟಿಸುತ್ತಿತ್ತು.

ಮಸ್ಕತ್ತಿನ ಸೆಕೆ ಅವರ ಅಂಟನ್ನು ಗೋಳು ಹೊಯ್ದುಕೊಂಡಿತು. ಏಸಿ ನಿಂತರೆ ಸವರುವಷ್ಟರಲ್ಲೇ ಅಂಟು ಒಣಗುತ್ತಿತ್ತು. ಸಮುದ್ರದ ತೇವ ಕೋಣೆಗೆ ನುಗ್ಗಿದ ದಿನ ಜೋಡಣೆಯ ಮೇಲೆ ಬಿಳಿಯ ಪೊರೆ ಕಟ್ಟುತ್ತಿತ್ತು. ಅವರು ಜರ್ಮನ್ ಭಾಷೆಯಲ್ಲಿ ಬೈಯುತ್ತಿದ್ದರು, ನಾನು ಕಿಟಕಿಯ ಸಂದಿಗೆ ಒದ್ದೆ ಬಟ್ಟೆ ತುರುಕುತ್ತಿದ್ದೆ. ಬೆರಳು ಕೆಲಸದಲ್ಲಿರುವಾಗ ಅವರ ಬಾಯಿ ಕಥೆ ಹೇಳುತ್ತಿತ್ತು.

ಎರಡನೆಯ ಮಹಾಯುದ್ಧ ಮುಗಿದ ಕೆಲವೇ ವರ್ಷಗಳಲ್ಲಿ, ಇನ್ನೂ ಹುಡುಗಿಯಾಗಿದ್ದಾಗಲೇ, ಹೆರ್ಟಾ ವಿಯೆನ್ನಾದ ಒಂದು ಸ್ಟುಡಿಯೋದಲ್ಲಿ ಅಂಟು ಹಚ್ಚುವವಳಾಗಿ ಸೇರಿದರಂತೆ. ಅಲ್ಲಿ ಆ ಕೆಲಸಕ್ಕೆ ಹುಡುಗಿಯರನ್ನೇ ಇಡುತ್ತಿದ್ದರು, ಹೊಲಿಗೆಯಂಥ ಕೆಲಸ ಎಂದು. ಕತ್ತರಿಸಿದ ಚಿತ್ರ ಗೆದ್ದರೆ ನಿರ್ದೇಶಕನಿಗೆ ಹೊಗಳಿಕೆ, ಸೋತರೆ ಅಂಟಿನ ಹುಡುಗಿಗೆ ಬೈಗುಳ. ಹತ್ತಾರು ಚಿತ್ರಗಳಾದ ಮೇಲೆ ಅವರು ಸಂಕಲನಕಾರ್ತಿಯಾದರು. ಒಂದು ಅರಮನೆಯ ಕಥೆಯಲ್ಲಿ, ರಾಣಿಯ ಬಟ್ಟೆ ಒಗೆಯುವ ಪಾತ್ರದ ಬಡ ಹೆಂಗಸೊಬ್ಬಳು ಕ್ಯಾಮೆರಾವನ್ನು ನೇರವಾಗಿ ನೋಡಿಬಿಟ್ಟಿದ್ದಳು. ಕ್ಯಾಮೆರಾವನ್ನು ನೋಡಿದವರನ್ನು ತೆಗೆಯಬೇಕು ಎಂಬುದು ಆ ವೃತ್ತಿಯ ಮೊದಲ ಪಾಠ. ತೆಗೆ ಎಂದ ನಿರ್ದೇಶಕ, ಹೆರ್ಟಾ ತೆಗೆದರು.

“ಆ ಚಿತ್ರದ ರಾಣಿಯ ಮುಖ ನನಗೆ ಈಗ ನೆನಪಿಲ್ಲ. ಒಗೆಯುವವಳ ಮುಖ ನೆನಪಿದೆ” ಎಂದರು ಹೆರ್ಟಾ ಮೇಡಂ. “ಮುಂದೊಂದು ದಿನ ಬೇರೊಬ್ಬ ದೊಡ್ಡ ನಿರ್ದೇಶಕ ಅದೇ ರೀತಿ ತೆಗೆ ಎಂದ. ನಾನು ಆಗುವುದಿಲ್ಲ ಎಂದೆ. ಅಲ್ಲಿಗೆ ನನ್ನ ಸಿನಿಮಾ ಮುಗಿಯಿತು. ಟೆಲಿವಿಷನ್‌ಗೆ ಹೋದೆ. ಅಲ್ಲಿಯೂ ಇನ್ನೊಮ್ಮೆ ಆಗುವುದಿಲ್ಲ ಎಂದೆ. ಈಗ ಸಿಮೆಂಟು, ಪೈಪು, ರಸ್ತೆ. ಒಂದೊಂದು ‘ಆಗುವುದಿಲ್ಲ’ಕ್ಕೂ ನಾನು ಒಂದೊಂದು ಮೆಟ್ಟಿಲು ಕೆಳಗೆ ಬಂದಿದ್ದೇನೆ. ನೋಡು, ಇಲ್ಲಿ ಖರ್ಜೂರ ಎಷ್ಟು ಚೆನ್ನಾಗಿದೆ!”

ಜೂನ್ ತಿಂಗಳಲ್ಲಿ ಒಂದು ಬೆಳಿಗ್ಗೆ ಮೇಜಿನ ಪುಟ್ಟ ಪರದೆಯ ಮೇಲೆ ಅಪ್ಪ ಬಂದರು.

ಮಧ್ಯಾಹ್ನದ ಬಿಡುವು. ರೋಲರಿನ ನೆರಳಿನಲ್ಲಿ ಕುಳಿತು, ಒದ್ದೆ ಬೈರಾಸಿನಿಂದ ಮುಖ ಒರೆಸಿಕೊಂಡು, ಅದನ್ನು ಹೆಗಲಿಗೆ ಹಾಕಿ, ಕ್ಯಾಮೆರಾವನ್ನು ನೇರವಾಗಿ ನೋಡಿ, ತುಳುವಿನಲ್ಲಿ ಏನೋ ಹೇಳಿ, ಕೊನೆಯಲ್ಲಿ ಒಮ್ಮೆ ಕಣ್ಣು ಮಿಟುಕಿಸಿದರು. ಹೆರ್ಟಾ ಮೇಡಂ ಸುರುಳಿಯನ್ನು ನಿಲ್ಲಿಸಿದರು.

“ಏನು ಹೇಳಿದ?”

“ಈ ರಸ್ತೆಯಲ್ಲಿ ಮೊದಲು ಸಂಚರಿಸುವ ಗೌರವ ತಮ್ಮದಾಯಿತೆಂದು ಹೇಳುತ್ತಿದ್ದಾರೆ” ಎಂದು ಒಪ್ಪವಾದ ಇಂಗ್ಲಿಷಿನಲ್ಲಿ ಹೇಳಿದೆ.

ಅವರು ಸುರುಳಿಯನ್ನು ಹಿಂದಕ್ಕೆ ಓಡಿಸಿ ಮತ್ತೊಮ್ಮೆ ಕೇಳಿದರು. “ಅಲ್ಲ. ಈತ ನಡುವೆ ಎರಡು ಸಲ ಉಸಿರು ತೆಗೆದುಕೊಂಡ. ನೀನು ಒಂದೇ ಉಸಿರಿನಲ್ಲಿ ಮುಗಿಸಿದೆ. ಉಳಿದದ್ದು ಎಲ್ಲಿ? ಮತ್ತೆ, ಗೌರವದ ಮಾತಾಡುವವನ ಗದ್ದ ಹೀಗೆ ಮೇಲೆ ಇರುವುದಿಲ್ಲ.”

ಅಪ್ಪ ನಿಜವಾಗಿ ಹೇಳಿದ್ದು ಹೀಗೆ: “ಎಂತ ನೋಡ್ತೀರಿ ಮಾರಾಯ್ರೇ? ಈ ರಸ್ತೆಯಲ್ಲಿ ಮೊದಲು ಹೋದವ ನಾನು. ಅರ್ಬಾಬನ ಕಾರು ನನ್ನ ಹಿಂದಿನಿಂದ ಬರ್ಲಿ.”

ಅದನ್ನು ಇದ್ದ ಹಾಗೆಯೇ ಹೇಳಿದೆ. ಆತ ನನ್ನ ತಂದೆ ಎಂಬುದನ್ನೂ ಹೇಳಿದೆ. ಹೆರ್ಟಾ ಮೇಡಂ ಕನ್ನಡಕವನ್ನು ಕೆಳಗೆ ಬಿಟ್ಟು, ಒಮ್ಮೆ ನನ್ನನ್ನು, ಒಮ್ಮೆ ಪರದೆಯನ್ನು ನೋಡಿದರು.

“ಮೂಗು ಅದೇ. ಗದ್ದ ಮಾತ್ರ ನೀನು ತೆಗೆದುಕೊಳ್ಳಲಿಲ್ಲ” ಎಂದರು.

ತೊಡಕಿದ್ದುದು ಇಲ್ಲಿ. ಚಿತ್ರದ ಆರಂಭದಲ್ಲಿಯೇ ಅರ್ಬಾಬರ ಬಿಳಿಯ ಕಾರು ಬೆಟ್ಟದ ತಿರುವಿನಲ್ಲಿ ಬರುತ್ತದೆ. ಈ ರಸ್ತೆಯ ಮೇಲೆ ಚಲಿಸಿದ ಮೊಟ್ಟಮೊದಲ ವಾಹನ ಇದು ಎಂದು ಹಿನ್ನೆಲೆಯ ಗಂಭೀರ ಧ್ವನಿ ಸಾರುತ್ತದೆ. ಆ ಸಾಲನ್ನು ಬರೆದವರು ಖನ್ನಾ ಸಾಹೇಬರು. ಹೆರ್ಟಾ ಮೇಡಂ ಅಪ್ಪನ ತುಣುಕನ್ನು ಚಿತ್ರದ ನಡುವೆ, ಅರ್ಬಾಬರ ಭಾಷಣಕ್ಕೆ ಸರಿಯಾಗಿ ಮುಂಚೆ ಇಟ್ಟರು. ಪರದೆಯ ಕೆಳಗೆ ಬರುವ ಇಂಗ್ಲಿಷ್ ಅಡಿಬರಹವಾಗಿ ಅಪ್ಪನ ಮಾತನ್ನು ನನ್ನಿಂದಲೇ ಪೂರ್ತಿಯಾಗಿ ಟೈಪು ಮಾಡಿಸಿದರು.

ಖನ್ನಾ ಸಾಹೇಬರು ನೋಡಿ ಕೆಂಪಾದರು. “ಮೇಡಂ, ಈ ಬೆವರು, ಈ ಟವೆಲು, ಇದೆಲ್ಲ ಯಾಕೆ? ಅದೂ ಕ್ಯಾಮೆರಾ ನೋಡುತ್ತಾನೆ! ಇದು ತಪ್ಪು ಎಂದು ನನಗೇ ಗೊತ್ತು. ಇನ್ನು ಈ ಮಾತು! ಅರ್ಬಾಬ್ ನೋಡಿದರೆ ನನ್ನ ಕಥೆ ಖಲಾಸ್.”

“ಆತ ಹೇಳುವುದು ಸುಳ್ಳೇ?” ಎಂದರು ಹೆರ್ಟಾ ಮೇಡಂ.

“ಸುಳ್ಳು ಸತ್ಯದ ಪ್ರಶ್ನೆ ಅಲ್ಲ ಮೇಡಂ, ಇದು ಪಬ್ಲಿಸಿಟಿ.”

“ಆಗುವುದಿಲ್ಲ” ಎಂದರು ಅವರು, ಗವಸು ಹಾಕಿಕೊಳ್ಳುತ್ತ.

ಸಂಕಲನ ಮುಗಿಸಿ ವಿಯೆನ್ನಾಕ್ಕೆ ಹೊರಡುವ ಮುನ್ನ ಅವರು ಒಂದು ಕೆಲಸ ಮಾಡಿದರು. ಔದ್ ಎಂಬ ತಂತಿವಾದ್ಯದ ಒಂದು ರಾಗವನ್ನು ಅರ್ಬಾಬ್ ಸ್ವತಃ ಆರಿಸಿ, ತಮ್ಮ ಭಾಷಣದ ಮುಂಚೆ ಇದನ್ನೇ ಹಾಕಬೇಕೆಂದು ಕಳುಹಿಸಿದ್ದರು. ಹೆರ್ಟಾ ಮೇಡಂ ಆ ರಾಗವನ್ನು ಅಪ್ಪನ ಮಾತಿನ ಅಡಿಯಲ್ಲಿ ಹರಿಸಿದರು. ಅಪ್ಪ ಗದ್ದ ಎತ್ತುವಲ್ಲಿ ರಾಗ ಏರುತ್ತದೆ, ಅವರು ಮಾತು ಮುಗಿಸುವಲ್ಲಿ ಇಳಿಯುತ್ತದೆ. “ಇನ್ನು ಈ ಮನುಷ್ಯನನ್ನು ಎಳೆದು ತೆಗೆದರೆ ಮಾಲೀಕನ ಸಂಗೀತವೂ ಹರಿದುಹೋಗುತ್ತದೆ” ಎಂದರು. ಖನ್ನಾ ಸಾಹೇಬರು ಒಪ್ಪಿದ ಮೇಲೆ ಕತ್ತರಿಸಿದ ಪ್ರತಿಯನ್ನು ವಿಯೆನ್ನಾದ ಲ್ಯಾಬಿಗೆ ಕಳುಹಿಸಬೇಕು, ಅದನ್ನು ನೋಡಿಯೇ ಅಲ್ಲಿ ಮೂಲ ಫಿಲ್ಮನ್ನು ಕತ್ತರಿಸುತ್ತಾರೆ, ಅವರೂ ಅಲ್ಲಿಯೇ ಇರುತ್ತಾರೆ ಎಂದು ತೀರ್ಮಾನವಾಗಿತ್ತು. ವಿಮಾನ ನಿಲ್ದಾಣದಲ್ಲಿ ಅವರು ತಮ್ಮ ಒಂದು ಜೊತೆ ಗವಸನ್ನು ನನ್ನ ಕೈಗಿಟ್ಟರು.

ಮರುದಿನವೇ ಖನ್ನಾ ಸಾಹೇಬರು ಕರೆದರು.

“ನೋಡಿ ವಾರಿಜಾ, ಬುಡ್ಢಿ ಹೋದಳು. ಈಗ ನಿಮಗೆ ಕೆಲಸ ಬರುತ್ತದೆ. ಆ ರೋಲರಿನವನನ್ನು ತೆಗೆದುಬಿಡಿ. ಎರಡು ವಾರದೊಳಗೆ ಪಾರ್ಸೆಲ್ ಹೋಗಬೇಕು.” ನಾನು ಬಾಗಿಲ ಕಡೆ ತಿರುಗಿದಾಗ, “ನಿಮ್ಮ ತಂದೆಯ ವೀಸಾ ಮುಂದಿನ ವರ್ಷ ನವೀಕರಣಕ್ಕೆ ಬರುತ್ತದೆ, ಅಲ್ಲವೇ? ಕಾಗದ ನನ್ನ ಮೇಜಿನ ಮೇಲಿಂದಲೇ ಹೋಗುತ್ತದೆ. ಸುಮ್ಮನೆ ಹೇಳಿದೆ” ಎಂದರು.

ಶುಕ್ರವಾರ ಊಟಕ್ಕೆ ಬಂದ ಅಪ್ಪನಿಗೆ ಎಲ್ಲವನ್ನೂ ಹೇಳಿದೆ. ನನ್ನ ಗಂಡ ಸುಂದರ ರೂವಿ ಪೇಟೆಯ ಅಂಗಡಿಯೊಂದರಲ್ಲಿ ಲೆಕ್ಕ ಬರೆಯುವವರು, ಜಗಳವೆಂದರೆ ಮಾರು ದೂರ. ಅವರ ಕೈಯಲ್ಲಿದ್ದ ತುತ್ತು ಅಲ್ಲಿಯೇ ನಿಂತಿತು.

“ಮಾವ, ಒಂದು ಕ್ಷಣದ ಫೋಟೋಕ್ಕೆ ವೀಸಾ ಕಳ್ಕೊಳ್ಳುದಾ? ತೆಗೀಲಿ ಬಿಡಿ. ಅದರಿಂದ ನಿಮ್ಗೆ ಎಂತ ಬರ್ಲಿಕ್ಕುಂಟು?”

“ನಾನು ಹೇಳಿದ್ದು ಸುಳ್ಳಾ ಸುಂದರ?”

“ಸುಳ್ಳಂತ ಯಾರು ಹೇಳಿದ್ರು ಮಾವ...”

“ಡಾಮರು ಬಿಸಿ ಇರುವಾಗಲೇ ಅದರ ಮೇಲೆ ನನ್ನ ರೋಲರ್ ಹೋಗಿದೆ. ಅರ್ಬಾಬನ ಕಾರು ಹೋದದ್ದು ತಣಿದ ಮೇಲೆ.” ಅಪ್ಪ ಮೀನಿನ ಮುಳ್ಳನ್ನು ತಟ್ಟೆಯ ಅಂಚಿಗಿಟ್ಟು ನನ್ನ ಕಡೆ ತಿರುಗಿದರು. “ಮಗಾ, ನೀನು ನನ್ನ ವೀಸಾದ ವಿಷಯ ತಲೆಗೆ ಹಾಕ್ಕೊಳ್ಳಬೇಡ. ಅದು ನನ್ನ ತಲೆ. ನಿನಗೆ ತೆಗೀಬೇಕು ಅಂತ ಕಂಡ್ರೆ ತೆಗಿ. ಅವ ಹೇಳಿದ ಅಂತ ತೆಗೀಬೇಡ.”

ಶನಿವಾರ ಬೆಳಿಗ್ಗೆ ಬಸ್ಸಿನಲ್ಲಿ ಕುಳಿತು ನಾನು ಒಂದು ಉದ್ದನೆಯ ಇಂಗ್ಲಿಷ್ ವಾಕ್ಯವನ್ನು ಕಟ್ಟಿದೆ. ವಿಷಾದ, ವಿನಯ, ವೃತ್ತಿಯ ಘನತೆ, ಎಲ್ಲವನ್ನೂ ಅದರಲ್ಲಿ ಸೇರಿಸಿದ್ದೆ. ಖನ್ನಾ ಸಾಹೇಬರ ಮುಂದೆ ನಿಂತಾಗ ಅದರ ಒಂದು ಪದವೂ ಬರಲಿಲ್ಲ.

“ನೋ, ಸರ್” ಎಂದೆ.

ಅವರಿಗೆ ಕೇಳಿಸಲಿಲ್ಲವೆಂದು ತೋರಿತು. ಮತ್ತೊಮ್ಮೆ ಹೇಳಿದೆ. ಎರಡನೆಯ ಸಲ ಅದು ಮೊದಲಿನದಕ್ಕಿಂತ ಸುಲಭವಾಗಿತ್ತು. ನನ್ನನ್ನು ಟೈಪಿನ ಕೋಣೆಗೆ ಹಿಂದಕ್ಕೆ ಕಳುಹಿಸಿದರು.

ಗುರುವಾರ, ವಾರದ ರಜೆಯಂದು, ಖನ್ನಾ ಸಾಹೇಬರು ತಾವೇ ಕತ್ತರಿ ಹಿಡಿದರು. ಮೇಜಿನ ಹೊಳೆಯುವ ಕತ್ತರಿಸುವ ಯಂತ್ರ ಅವರಿಗೆ ಅರ್ಥವಾಗಿರಲಿಕ್ಕಿಲ್ಲ. ಕಾಗದದ ಕತ್ತರಿಯಿಂದಲೇ ಅಪ್ಪನ ತುಣುಕನ್ನು ತುಂಡರಿಸಿ, ಉಳಿದ ತುದಿಗಳನ್ನು ಆಫೀಸಿನ ಟೇಪಿನಿಂದ ಅಂಟಿಸಿದ್ದರು. ಅವರಿಗೆ ಫಿಲ್ಮು ಎಂದರೆ ಚಿತ್ರ. ಶಬ್ದದ ಸುರುಳಿಯನ್ನು ಅವರು ಮುಟ್ಟಿಯೇ ಇರಲಿಲ್ಲ.

ಮುಂದಿನ ಶನಿವಾರ ನನ್ನನ್ನು ಕರೆಸಿದರು. “ಯಂತ್ರ ಕೆಟ್ಟಿದೆ. ನೋಡಿ.”

ಸುರುಳಿ ಓಡಿಸಿದೆ. ಚಿತ್ರ ಮುಂದಕ್ಕೆ ಜಿಗಿದಿತ್ತು, ಶಬ್ದ ಹಿಂದೆ ಉಳಿದಿತ್ತು. ಅರ್ಬಾಬ್ ಬಾಯಿ ತೆರೆದರು, ಔದ್ ನುಡಿಯಿತು, ಅದರ ಜೊತೆಗೆ ಅಪ್ಪನ ತುಳು ಹೊರಬಂತು. ಅರ್ಬಾಬರ ಭಾಷಣದ ನಂತರ ರಸ್ತೆಯ ನಡುವೆ ನಿಂತು ಮೆಲುಕು ಹಾಕುವ ಒಂದು ಆಡಿನ ದೃಶ್ಯವಿತ್ತು. ಆ ಆಡು ನಮ್ಮತ್ತ ತಿರುಗಿ, ಅರ್ಬಾಬರ ಘನವಾದ ಧ್ವನಿಯಲ್ಲಿ, ದೇಶದ ಪ್ರಗತಿಗೆ ತಾನು ಸಲ್ಲಿಸಿದ ಸೇವೆಯ ಬಗ್ಗೆ ಮಾತನಾಡತೊಡಗಿತು.

ಆ ಆಫೀಸಿನಲ್ಲಿ ನಾನು ಬಾಯಿ ತೆರೆದು ನಕ್ಕದ್ದು ಅದೇ ಮೊದಲು.

“ನಗಬೇಡಿ, ಸರಿ ಮಾಡಿ!” ಹಿಂದಿಯನ್ನೂ ಇಂಗ್ಲಿಷನ್ನೂ ಕಲಸಿ ಕೂಗಿದರು. “ಶಬ್ದವನ್ನೂ ಅಷ್ಟೇ ಕತ್ತರಿಸಿ!”

“ಕತ್ತರಿಸಬಹುದು, ಸರ್. ಆದರೆ ಅರ್ಬಾಬ್ ಆರಿಸಿದ ರಾಗ ನಡುವೆ ಮುಗ್ಗರಿಸುತ್ತದೆ. ಕತ್ತರಿಸಿದವರು ಯಾರೆಂದು ಅವರು ಕೇಳಿದರೆ ಯಾರ ಹೆಸರು ಹೇಳಲಿ?”

ಅವರು ಕುರ್ಚಿಯಲ್ಲಿ ಕುಳಿತರು. ವಿಮಾನದ ಸರಕಿನ ಸಮಯ ಅಂದು ಸಂಜೆಗೆ ನಿಗದಿಯಾಗಿತ್ತು.

“ಹಾಕಿ,” ಎಂದರು ಕೊನೆಗೆ. “ಆ ನಿಮ್ಮ ಅಪ್ಪನನ್ನು ಮತ್ತೆ ಹಾಕಿ. ಆದರೆ ಅಡಿಬರಹ ಬೇಡ. ಏನು ಹೇಳುತ್ತಾನೋ ಯಾರಿಗೂ ತಿಳಿಯಬಾರದು.” ಟೈಪು ಮಾಡಿದ ಹಾಳೆಯಲ್ಲಿ ಅಪ್ಪನ ಮಾತಿನ ಮೇಲೆ ಅವರೇ ಕೆಂಪು ಗೆರೆ ಎಳೆದರು.

ಹೆರ್ಟಾ ಮೇಡಂ ಬಿಟ್ಟುಹೋದ ಗವಸನ್ನು ಹಾಕಿಕೊಂಡು ಕಸದ ಬುಟ್ಟಿಯಿಂದ ಅಪ್ಪನನ್ನು ಎತ್ತಿದೆ. ಕಾಗದದ ಕತ್ತರಿ ಕೊನೆಯ ಕೆಲವು ಚೌಕಟ್ಟುಗಳನ್ನು ಚಿಂದಿ ಮಾಡಿತ್ತು. ಅಪ್ಪ ಕಣ್ಣು ಮಿಟುಕಿಸುವ ಚೌಕಟ್ಟುಗಳೇ ಅವು. ಹಾಗೆಯೇ ಜೋಡಿಸಿದರೆ ಶಬ್ದ ಮತ್ತೆ ತಪ್ಪುತ್ತದೆ. ಎಷ್ಟು ಹೋಗಿತ್ತೋ ಅಷ್ಟನ್ನು ತುಂಬಬೇಕು. ಯಾವುದರಿಂದ ತುಂಬಬೇಕೆಂದು ಹೇಳುವುದಕ್ಕೆ ಕೋಣೆಯಲ್ಲಿ ಯಾರೂ ಇರಲಿಲ್ಲ. ಬಳಸದೆ ಉಳಿದ ತುಣುಕುಗಳನ್ನು ತೂಗುಹಾಕಿದ್ದ ಮೊಳೆಗಳನ್ನು ಒಂದೊಂದಾಗಿ ನೋಡುತ್ತ ಹೋದೆ. ರೋಲರ್ ಹಾದುಹೋದ ಮೇಲಿನ, ಇನ್ನೂ ಹಬೆಯಾಡುವ, ಖಾಲಿ ರಸ್ತೆಯ ಒಂದು ತುಣುಕು ಸಿಕ್ಕಿತು. ಯೋಚಿಸಿದೆ. ಮೊದಲೇ ಯೋಚಿಸಿದೆ. ಆಮೇಲೆ ಕತ್ತರಿಸಿ, ಕೆರೆದು, ಅಂಟು ಸವರಿ, ಒತ್ತಿ ಹಿಡಿದೆ. ನನ್ನ ವೃತ್ತಿಜೀವನದ ಮೊದಲ ಜೋಡಣೆ ಅದು.

ಆಗಸ್ಟಿನಲ್ಲಿ ಪ್ರತಿಗಳು ಬಂದವು. ಲ್ಯಾಬಿನ ಕಾಗದದ ಅಂಚಿನಲ್ಲಿ ಹೆರ್ಟಾ ಮೇಡಂ ಪೆನ್ಸಿಲಿನಲ್ಲಿ ನನಗೆಂದು ಒಂದೇ ಸಾಲು ಬರೆದಿದ್ದರು: “ಖಾಲಿ ರಸ್ತೆ ನನಗೆ ಹೊಳೆದಿರಲಿಲ್ಲ.” ಅಂದಿನಿಂದ ಇಂದಿನವರೆಗೆ ನನ್ನ ಕೆಲಸದ ಬಗ್ಗೆ ಒಳ್ಳೆಯ ಮಾತುಗಳು ಬಂದಿವೆ, ಕೆಟ್ಟವೂ ಬಂದಿವೆ. ಆ ಸಾಲಿನ ಎದುರು ಅವು ಯಾವುವೂ ನಿಲ್ಲುವುದಿಲ್ಲ.

ಮುಂದಿನ ವರ್ಷ ಅಪ್ಪನ ವೀಸಾ ನವೀಕರಣವಾಗಲಿಲ್ಲ ಎಂಬುದನ್ನು ಇಲ್ಲಿಯೇ ಹೇಳಿಬಿಡುತ್ತೇನೆ. ಕಾರಣವನ್ನು ಯಾರೂ ಹೇಳಲಿಲ್ಲ, ಅಪ್ಪ ಕೇಳಲೂ ಇಲ್ಲ. “ಮೊದಲು ಹೋದವ ನಾನೇ, ಮೊದಲು ವಾಪಸ್ ಹೋಗುವವನೂ ನಾನೇ ಆಗ್ಲಿ” ಎಂದು ನಕ್ಕು, ಊರಿಗೆ ಹೋಗಿ, ಅಲ್ಲಿಯೂ ರೋಲರನ್ನೇ ಓಡಿಸಿದರು. ನಾನು ರೂವಿಯ ಒಂದು ಸ್ಟುಡಿಯೋಕ್ಕೆ ಸೇರಿ, ಮದುವೆಯ ವೀಡಿಯೋಗಳಿಂದ ಜಾಹೀರಾತಿನವರೆಗೆ ಎಲ್ಲವನ್ನೂ ಕತ್ತರಿಸಿದೆ, ಕತ್ತರಿಸುತ್ತಿದ್ದೇನೆ. ಬಡಿಸುವವರು, ಡ್ರೈವರುಗಳು, ಕುರ್ಚಿ ಜೋಡಿಸುವವರು ಕ್ಯಾಮೆರಾವನ್ನು ನೇರವಾಗಿ ನೋಡಿದರೆ ನಾನು ತೆಗೆಯುವುದಿಲ್ಲ. ಗಿರಾಕಿಗಳು ಜಗಳವಾಡುತ್ತಾರೆ. ಆಡಲಿ. ಹೆರ್ಟಾ ಮೇಡಂ ಮೆಟ್ಟಿಲು ಇಳಿದರು ಎಂದು ವಿಯೆನ್ನಾದಲ್ಲಿ ತಿಳಿದಿರಬಹುದು. ಇಳಿದವರು ಎಲ್ಲಿಗೆ ಬಂದರು, ಅಲ್ಲಿ ಏನು ಮಾಡಿದರು ಎಂಬುದನ್ನು ಕಂಡವಳು ನಾನು.

ಅದೆಲ್ಲಕ್ಕೂ ಮೊದಲು, ಆ ಆಗಸ್ಟಿನಲ್ಲಿ, ಹೋಟೆಲೊಂದರ ಸಭಾಂಗಣದಲ್ಲಿ ನಡೆದ ಉದ್ಘಾಟನಾ ಪ್ರದರ್ಶನದಲ್ಲಿ ಅಪ್ಪನ ತುಣುಕೂ ಬಂತು. ಯಾರಿಗೂ ಏನೂ ತಿಳಿಯಲಿಲ್ಲ. ಅರ್ಬಾಬ್ ಔದ್ ರಾಗಕ್ಕೆ ತಲೆದೂಗಿದರು, ಸಂತೋಷಗೊಂಡು, ಈ ಚಿತ್ರವನ್ನು ಎಲ್ಲ ಕ್ಯಾಂಪುಗಳಲ್ಲಿಯೂ ತೋರಿಸಬೇಕೆಂದು ಅಪ್ಪಣೆ ಮಾಡಿದರು. ಖನ್ನಾ ಸಾಹೇಬರು ಕೈಮುಗಿದು ನಿಂತಿದ್ದರು.

ಮುಂದಿನ ಶುಕ್ರವಾರ, ಹೊತ್ತು ಮುಳುಗುತ್ತಿದ್ದಂತೆ, ಅಪ್ಪನ ಕ್ಯಾಂಪಿನ ಸುಣ್ಣ ಬಳಿದ ಗೋಡೆಯ ಮೇಲೆ ಅದನ್ನು ಹಾಕಿದರು. ಸುಂದರ ಮತ್ತು ನಾನು ಟ್ಯಾಕ್ಸಿ ಮಾಡಿಕೊಂಡು ಹೋಗಿದ್ದೆವು. ಲುಂಗಿ ಉಟ್ಟು ನೆಲದ ಮೇಲೆ ಕುಳಿತವರಲ್ಲಿ ಅರ್ಧಕ್ಕರ್ಧ ಜನ ಕಾಪು, ಕಾರ್ಕಳ, ಮೂಲ್ಕಿಯ ಕಡೆಯವರು. ಬಿಳಿಯ ಕಾರು ಬಂತು. ಮೊಟ್ಟಮೊದಲ ವಾಹನ ಎಂದಿತು ಗಂಭೀರ ಧ್ವನಿ. ಜನ ಬೀಡಿ ಹಚ್ಚಿದರು. ಸ್ವಲ್ಪ ಹೊತ್ತಿಗೆ ಗೋಡೆಯಷ್ಟೆತ್ತರದ ಅಪ್ಪ ಮುಖ ಒರೆಸಿ, ಬೈರಾಸನ್ನು ಹೆಗಲಿಗೆ ಹಾಕಿ, ನಮ್ಮೆಲ್ಲರನ್ನೂ ನೇರವಾಗಿ ನೋಡಿ, ತುಳುವಿನಲ್ಲಿ ಮಾತನಾಡಿದರು. ಆ ಗೋಡೆಗೆ ಅಡಿಬರಹದ ಅಗತ್ಯವೇ ಇರಲಿಲ್ಲ.

ಮರುಕ್ಷಣ ಇಡೀ ಕ್ಯಾಂಪು ಎದ್ದು ನಿಂತಿತು. ಶಿಳ್ಳೆ, ಚಪ್ಪಾಳೆ, ತಟ್ಟೆ ಬಡಿಯುವ ಸದ್ದು. ತುಳು ಬಾರದ ಮಲೆಯಾಳಿಗಳಿಗೂ ಪಂಜಾಬಿಗಳಿಗೂ ಪಕ್ಕದವರು ಹಿಂದಿಯಲ್ಲಿ ಹೇಳಿಕೊಡುತ್ತಿದ್ದರು. ಅರ್ಥವಾದಂತೆಲ್ಲ ಅವರೂ ಒಬ್ಬೊಬ್ಬರಾಗಿ ಕೂಗತೊಡಗಿದರು. ಅರ್ಬಾಬರ ಭಾಷಣ ಆ ಗದ್ದಲದಲ್ಲಿ ಯಾರಿಗೂ ಕೇಳಿಸಲಿಲ್ಲ. ಸುಂದರ ಕೂಡ, ಜಗಳಕ್ಕೆ ಹೆದರುವ ನನ್ನ ಸುಂದರ ಕೂಡ, ಎರಡು ಬೆರಳು ಬಾಯಿಗಿಟ್ಟು ಶಿಳ್ಳೆ ಹೊಡೆಯುತ್ತಿದ್ದರು.

ದೀಪ ಹಾಕಿದ ಮೇಲೆ ಅಪ್ಪ ನನ್ನ ಬಳಿ ಬಂದರು.

“ಮಗಾ, ಅದ್ರಲ್ಲಿ ನಾನು ಕಣ್ಣು ಮಿಟುಕಿಸಲೇ ಇಲ್ವಲ್ಲ?”

“ಮಿಟುಕಿಸಿದ್ರಿ ಅಪ್ಪ. ಅದನ್ನು ಖನ್ನಾ ಸಾಹೇಬ್ರು ಕತ್ತರಿಸಿಬಿಟ್ರು.”

ಅಪ್ಪ ಖಾಲಿ ಗೋಡೆಯನ್ನು ಒಮ್ಮೆ ನೋಡಿ, ಬೈರಾಸನ್ನು ಕೊಡವಿ ಹೆಗಲಿಗೆ ಹಾಕಿಕೊಂಡರು.

“ಒಳ್ಳೇದಾಯ್ತು. ಇನ್ನೊಮ್ಮೆ ಹಾಕ್ಲಿಕ್ಕೆ ಹೇಳು.”

ಸುರುಳಿಯನ್ನು ಹಿಂದಕ್ಕೆ ಸುತ್ತಿ, ಇನ್ನೊಮ್ಮೆ ಹಾಕಿದರು.